ನಡುಹೊಲದಾಗ ನಿಂತ ಬದು

ಬಾಳ ಹಿಂದಿನ ಮಾತು. ಒಂದೂರಿತ್ತು. ಊರಿನ ಹೆಸರು ಕೇಳಬ್ಯಾಡ್ರಿ, ನಾ ಹೇಳಂಗಿಲ್ಲ. ಹೆಸರು ತಗೊಂಡು ಏನ್ ಮಾಡ್ತೀರಿ, ಹೆಣ್ಣು ಕೊಡಾಕ ಹೊಂಟೀರೇನು? ಎರಿ ನೆಲದ ಊರು ಅಂತ ತಿಳಕೊಳ್ರಿ, ಸಾಕು. ಗುಡ್ಡ ಇಲ್ಲ, ಹಳ್ಳ ಇಲ್ಲ, ಹೊಲದಾಗ ಗುರುತಿಗೆ ಒಂದು ಗಿಡಾನೂ ಇಲ್ಲ. ಪಡುವಲಕ ಒಂದಿಷ್ಟು ಕೆಂಪು ಮಸಾರಿ ಬಿಟ್ರ ಎಲ್ಲಿ ನಿಂತು ನೋಡಿದ್ರೂ ಕರೇ ನೆಲ, ಅದರ ಮ್ಯಾಲ ಆಕಾಶ. ಕಾಲ ಯಾವುದಂದ್ರ ಅದೂ ನನಗ ಗೊತ್ತಿಲ್ಲ. ನಮ್ಮಾಯಿಗೆ ಅವರಾಯಿ ಹೇಳಿದ್ದು. ಅವರಾಯಿ ಯಾರ ಬಾಯಾಗ ಕೇಳಿದ್ಲೋ ಏನೋ. ಆಕಿನೂ ನೋಡಿಲ್ಲ, ನಾನೂ ನೋಡಿಲ್ಲ. ಹಂಗ ಅಂತಾರ, ನಾ ಹೇಳ್ತೀನಿ, ನೀವು ಕೇಳ್ರಿ. ನಡುವ ಹೂಂ ಅನ್ನಾವ್ರು ಅನ್ರಿ, ಆಕಳಿಸಾವ್ರು ಎದ್ದು ಹೋಗ್ರಿ.

ಆ ಊರಾಗ ಎಂಬತ್ತು ಮನಿ. ಎಂಬತ್ತು ಮನಿಗೂ ಹೊಲ ಇತ್ತು, ಆದ್ರ ಒಂದು ಕಡೆ ಇರಲಿಲ್ಲ. ಅಪ್ಪ ಸತ್ತ ಕೂಡ್ಲೆ ಮಕ್ಕಳು ಹಂಚಕೊಳ್ಳೋರು. ಒಳ್ಳೇದು ನಿನಗಿರಲಿ, ಕೆಟ್ಟದ್ದು ನನಗಿರಲಿ ಅಂತ ಯಾಂವ ಅಂತಾನ? ಎಲ್ಲಾ ಹೊಲಾನೂ ಉದ್ದಕ್ಕ ಸೀಳೋರು. ಮಕ್ಕಳ ಮಕ್ಕಳು ಮತ್ತ ಸೀಳೋರು. ಸೀಳಿ ಸೀಳಿ ಹೊಲ ಅನ್ನೋವು ಸೀರಿ ಅಂಚಿನಷ್ಟು ಆಗಿದ್ದುವಂತ. ಎತ್ತು ಮಲಗಿದ್ರ ತಲಿ ಒಬ್ಬನ ಹೊಲದಾಗ, ಬಾಲ ಇನ್ನೊಬ್ಬನ ಹೊಲದಾಗ. ಒಂದೊಂದು ಮನಿಗೆ ಆರು ಕಡೆ, ಏಳು ಕಡೆ ತುಂಡು. ಮೂಡಲ ದಿಕ್ಕಿನ ತುಂಡಿನಾಗ ನೆಲ ಹಸನು ಮಾಡೋ ಕುಂಟಿ ಹೊಡದು ಪಡುವಲ ದಿಕ್ಕಿಗೆ ಎತ್ತು ಹೊಡಕೊಂಡು ಹೋಗೂದ್ರಾಗ ಹೊತ್ತು ಇಳೀತಿತ್ತು. ತಿರುವಿನಾಗ ಎತ್ತಿನ ಕಾಲು ಬಾಜೂದವನ ಬೆಳಿ ತುಳೀತಂದ್ರ ಜಗಳ, ಜಗಳ ಹೆಚ್ಚಾತಂದ್ರ ಬಡಿಗಿ. ಬದುವಿನ ಮ್ಯಾಲ ಒಬ್ಬನ ತಲಿ ಒಡದ ಮ್ಯಾಲ ಹಿರ್ಯಾರಿಗೆ ಬುದ್ಧಿ ಬಂತು.

ಹಿರ್ಯಾರು ಚಾವಡ್ಯಾಗ ಕುಂತು ಒಂದು ಮಾತು ಕಟ್ಟಿದ್ರು. ಎಲ್ಲಾರ ತುಂಡೂ ಒಂದು ಮಾಡೂದು, ಬದು ಒಡಿಯೂದು, ಆಮ್ಯಾಲ ಮನಿಗೊಂದು ಹೊಲ, ಒಂದ ಕಡೆ, ತಿರುಗಿ ಹಂಚೂದು. ಎರಿ ಬಿಟ್ಟುಕೊಟ್ಟವಗ ಕೆಂಪು ಮಸಾರಿ ಬಂದ್ರ ಅಗಲ ಹೆಚ್ಚು ಕೊಡೂದು. ಮಾತೇನೋ ಚೊಲೋನ ಇತ್ತು. ಆದ್ರ ತಕರಾರು ಬಂದ್ರ ಕೇಳಾವ್ರು ಯಾರು? ಹೊಲ ಇದ್ದವನ್ನ ಕೂಡ್ರಿಸಿದ್ರ ಅವನ ಕಣ್ಣು ತನ್ನ ಹೊಲದ ಮ್ಯಾಲ. ಹತ್ತು ಮಂದಿನ್ನ ಕೂಡ್ರಿಸಿದ್ರ, ಹತ್ತು ಮಂದಿ ಇದ್ದಲ್ಲಿ ಹಾವು ಸಾಯಂಗಿಲ್ಲ. ಕಡೀಕ ಒಬ್ಬ ಮುದುಕಿ ಹೇಳಿದ್ಲಂತ, ಅಂಗೈಯಷ್ಟೂ ನೆಲ ಇಲ್ದಾವ ಒಬ್ಬ ಅದಾನಲ್ಲ, ಬಾವಿ ತೋಡೋ ಗಾಳೆಪ್ಪ, ಅವನ್ನ ಕೂಡ್ರಿಸ್ರಿ ಅಂತ.

ಗಾಳೆಪ್ಪ ಅಂದ್ರ ಯಾರಂತೀರಿ? ಅವರಪ್ಪ ಬಾವಿ ತೋಡಾಂವ, ಅವರಜ್ಜ ಬಾವಿ ತೋಡಾಂವ. ಊರಿಗೆಲ್ಲಾ ನೀರು ಕುಡಿಸಿದ ಮನಿತನ, ತಮಗಂತ ಒಂದು ಗೇಣು ನೆಲ ಮಾಡಕೊಂಡಿರಲಿಲ್ಲ. ಅವನ ಬಗ್ಗೆ ಏನೇನೋ ಹೇಳ್ತಾರ. ನೆಲಕ್ಕ ಕಿವಿ ಹಚ್ಚಿದ್ರ ಏಳಾಳುದ್ದ ಕೆಳಗ ನೀರು ಹರಿಯೂದು ಕೇಳಸ್ತಿತ್ತಂತ. ಮಣ್ಣು ನಾಲಿಗಿ ಮ್ಯಾಲ ಇಟ್ಟು, ಕೆಳಗ ಸಿಹಿ ನೀರೋ ಸವಳು ನೀರೋ ಹೇಳ್ತಿದ್ದನಂತ. ಒಮ್ಮೆ ಬಾವಿ ಕುಸದು ಮೂರು ದಿನ ಮಣ್ಣಾಗ ಇದ್ದು, ನಾಕನೇ ದಿನ ತಾನ ತೋಡಕೊಂಡು ಹೋಗಿ ಬಾಜೂದ ಬಾವ್ಯಾಗ ಎದ್ದನಂತ. ಇದನ್ನ ನಾ ನಂಬಂಗಿಲ್ಲ. ಮೂರು ದಿನ ಉಸರು ಎಲ್ಲಿಂದ ತಂದ? ಆದ್ರ ಒಂದು ಮಾತು ಮಾತ್ರ ಎಲ್ಲಾರೂ ಖರೆ ಅಂತಾರ. ನೆಲಕ್ಕ ಕಬ್ಬಿಣದ ಹಾರಿ ಇಳಿಸಿದ್ರ ಸಾಕು, ಈ ಮಣ್ಣು ಹಿಂದ ಯಾರರ ತೋಡಿ ಮುಚ್ಚಿದ್ದೋ, ಹುಟ್ಟಿದಾಗಿಂದ ಹಂಗ ಇದ್ದದ್ದೋ, ಅವನ ಕೈಗೆ ತಿಳೀತಿತ್ತಂತ. ಒಮ್ಮೆ ತೋಡಿದ ಮಣ್ಣು ಸುಳ್ಳು ಹೇಳಂಗಿಲ್ಲ ಅಂತಿದ್ದನಂತ.

ಗಾಳೆಪ್ಪ ಮೊದಲು ಒಲ್ಲೆ ಅಂದ. ಆಮ್ಯಾಲ ಒಪ್ಪಿದ, ಆದ್ರ ನನ್ನ ರೀತಿಲೆ ಕೇಳ್ತೀನಿ ಅಂದ. ಅವನ ರೀತಿ ಏನಂದ್ರ, ಚಾವಡ್ಯಾಗ ಕೂಡಾಂವ ಅಲ್ಲ. ತಕರಾರು ಯಾವ ಹೊಲದ್ದೋ ಆ ಹೊಲದಾಗ ನಿಂತು ಕೇಳಾಂವ, ಬಿಸಲಾಗ, ಊರ ಮುಂದ. ಇಬ್ಬರೂ ಇರಬೇಕು. ಒಬ್ಬ ಇದ್ದು ಒಬ್ಬ ಇರಲಿಲ್ಲಂದ್ರ ಆ ಹೊಲದ ಮಾತ ಎತ್ತತಿರಲಿಲ್ಲ. ಯಾರರ ಮನಿಗೆ ಬಂದು ಅಳಕೋಂತ ಕುಂತ್ರ, ಅವನ್ನೂ ಕರಕೊಂಡು ಬಾಪಾ, ಅಲ್ಲೀತನಕ ಮಳಿ ಮಾತಾಡೂಣು ಅಂತಿದ್ದ. ತಕರಾರು ಇದ್ದವರ ಮನ್ಯಾಗ ನೀರು ಸೈತ ಕುಡೀತಿರಲಿಲ್ಲ. ಸೋರೆಬುರುಡ್ಯಾಗ ತನ್ನ ನೀರು ತಾನ ಒಯ್ತಿದ್ದ.

ಮಣ್ಣು ನೋಡೂದಕ್ಕೂ ಅವನದೊಂದು ರೀತಿ. ಮೊಣಕಾಲುದ್ದ ಗುಂಡಿ ತೋಡಿ, ತೋಡಿದ ಮಣ್ಣು ತಿರುಗಿ ಅದರಾಗ ತುಂಬೂದು. ಗುಂಡಿ ತುಂಬಿ ಮಣ್ಣು ಉಳೀತಂದ್ರ ಸತ್ವದ ನೆಲ, ಗುಂಡಿ ತುಂಬಲಿಲ್ಲಂದ್ರ ಬಡ ನೆಲ. ಇಷ್ಟು ಬಾಳ ಮಂದಿಗೆ ಗೊತ್ತಿತ್ತು. ಗಾಳೆಪ್ಪ ಏನ್ ಮಾಡ್ತಿದ್ದ ಅಂದ್ರ, ತನ್ನ ಹೊಲದಾಗ ತಾ ತೋಡಂಗಿಲ್ಲ. ಇವನ ಹೊಲದಾಗ ಅಂವ ತೋಡಬೇಕು, ಅವನ ಹೊಲದಾಗ ಇಂವ ತೋಡಬೇಕು. ಬೆವರು ಸುರಿಸಿ ತನ್ನ ಕೈಲೆ ತೋಡಿ ತುಂಬಿದ ಮ್ಯಾಲ ಯಾಂವ ಸುಳ್ಳು ಅಂತಾನ? ಅರ್ಧ ಜಗಳ ಗುಂಡ್ಯಾಗನ ಮುಗೀತಿದ್ದುವು. ಉಳದದ್ದಕ್ಕ ಅಂವ ತೀರ್ಪು ಹೇಳಾಂವ, ಯಾಕ ಹಂಗ ಹೇಳಿದೆ ಅನ್ನೂದನ್ನೂ ಎಲ್ಲಾರಿಗೂ ಕೇಳೂವಂಗ ಹೇಳಾಂವ. ಸೋತವರು ಬೈಕೋಂತನ ಮನಿಗೆ ಹೋಗೋರು. ಆದ್ರ ಬೈದು ಸಾಕಾದ ಮ್ಯಾಲ, ನನ್ನ ಮಾತು ಪೂರಾ ಕೇಳಿ ಸೋಲಿಸಿದ ಮಾರಾಯ ಅಂತಿದ್ರಂತ.

ಗಡಿಕಲ್ಲು ನೆಡೂದಕ್ಕ ಮೊದಲ ಇನ್ನೊಂದು ಕಟ್ಟಳಿ ಇತ್ತು. ಹಲಿಗಿ ಬಾರಸೋ ಪರಸಪ್ಪ ಮೂರು ಸಂಜಿ ಊರೆಲ್ಲಾ ತಿರಗಿ ಸಾರಬೇಕು, ಇಂಥವರ ಹೊಲ ಇಂಥವರಿಗೆ ಹೊಂಟೈತಿ, ತಕರಾರು ಇದ್ದಾವ್ರು ಬರ್ರಿ ಅಂತ. ಮೂರು ಸಂಜಿ ಮುಗದು ಯಾರೂ ಬರಲಿಲ್ಲಂದ್ರ ಒಪ್ಪಿದಂಗ. ಕಲ್ಲು ನೆಟ್ಟ ಮ್ಯಾಲ ಮಾತಿಲ್ಲ. ಇದಕ್ಕ ಎಂಬತ್ತು ಮನಿಯವರೂ ಮಾತು ಕೊಟ್ಟಿದ್ರು. ಬ್ಯಾಸಗಿ ಮುಗಿಯೂದ್ರಾಗ ಊರ ಹೊಲ ಮುಕ್ಕಾಲು ಪಾಲು ಕೂಡಿತ್ತು. ಮೂಡಲ ದಿಕ್ಕಿನದೊಂದು ಉಳದಿತ್ತು.

ಆ ಮೂಡಲ ದಿಕ್ಕಿನಾಗ ಅಮಾತೆಪ್ಪ ಅನ್ನಾವಂದು ಎರಿ ಪಟ್ಟಿ ಇತ್ತು. ಅಮಾತೆಪ್ಪ, ಅವನ ಹೇಣ್ತಿ ಹೊಳೆವ್ವ. ಮಕ್ಕಳಿರಲಿಲ್ಲ. ಅಂವ ಕೂರಿಗಿ ಹಿಡದ್ರ ಆಕಿ ಬೀಜ ಬಿಡಾಕಿ, ಅಂವ ಬದುವಿನ ಮ್ಯಾಲ ಕುಂತ್ರ ಆಕಿ ರೊಟ್ಟಿ ಬಿಚ್ಚಾಕಿ. ಗಂಡಾ ಹೇಣ್ತಿ ಹಂಗ ಇದ್ರು. ಆ ಬ್ಯಾಸಗ್ಯಾಗ ಅಮಾತೆಪ್ಪಗ ಜ್ವರ ಬಂತು, ಐದ ದಿನದಾಗ ಹ್ವಾದ. ಅವರ ಮಂದ್ಯಾಗ ಸತ್ತವರನ್ನ ತಮ್ಮ ಹೊಲದಾಗ ಮಣ್ಣು ಮಾಡೂದು ಪದ್ಧತಿ. ಆ ಎರಿ ಪಟ್ಟ್ಯಾಗ, ಬದುವಿನ ಮಗ್ಗಲಕ ಕುಣಿ ತಗದು ಮಣ್ಣು ಕೊಟ್ಟು ಬಂದ್ರು. ಮ್ಯಾಲ ಮಣ್ಣಿನ ದಿಬ್ಬ ಮಾಡಿದ್ರು. ಗಡಿಕಲ್ಲು ಸೈತ ದೂರದಿಂದ ಬಂಡಿ ಮ್ಯಾಲ ತಂದದ್ದು, ದಿಬ್ಬದ ಮ್ಯಾಲ ಇಡಾಕ ಆ ನೆಲದಾಗ ಕಲ್ಲು ಸಿಗಂಗಿಲ್ಲ.

ಮೂರನೇ ದಿನಕ್ಕ ಆ ದಿಕ್ಕಿನ ಡಂಗುರ ಸುರು ಆತು. ಈಗ ಕಿವಿ ಕೊಟ್ಟು ಕೇಳ್ರಿ, ಎಲ್ಲಾ ಕೆಟ್ಟದ್ದು ಇಲ್ಲೇ. ಹೆಣದ ಮುಂದ ಬಡದ ಹಲಿಗಿ ಹನ್ನೊಂದು ದಿನ ಆಗೂತನಕ ಆ ಓಣ್ಯಾಗ ತಿರುಗಿ ಬಡಿಬಾರದು ಅಂತ ಆ ಊರಿನ ಪದ್ಧತಿ. ಬಡದ್ರ ಇನ್ನೊಂದು ಸಾವು ಕರದಂಗ ಅಂತ ನಂಬಿಕಿ. ಅದಕ್ಕ ಸಾವಿನ ಓಣಿ ಬಾಯಿಗೆ ಬಂದ ಕೂಡ್ಲೆ ಪರಸಪ್ಪ ಹಲಿಗಿ ಕಂಕುಳಾಗ ಇಟಗೊಂಡು, ತಲಿ ತಗ್ಗಿಸಿ, ಸುಮ್ಮನ ದಾಟಿ ಹ್ವಾದ. ಮೂರು ಸಂಜೀನೂ ಹಂಗ ಮಾಡಿದ. ಊರಿಗೆಲ್ಲಾ ಡಂಗುರ ಕೇಳಿತು, ಸೂತಕದಾಗ ಮನಿ ಹಿಡದು ಕುಂತ ಹೊಳೆವ್ವಗ ಕೇಳಲಿಲ್ಲ. ಕೆಟ್ಟ ಮನಸು ಯಾರದೂ ಇದ್ದಿಲ್ಲ. ಆಕಿ ದುಃಖಕ್ಕ ಮರ್ಯಾದಿ ಕೊಡಾಕ ಹೋಗಿ ಆಕಿನ್ನ ಹೊರಗಿಟ್ರು.

ಡಂಗುರ ಮುಗದ ಮರುದಿನ ಊರು ಹೊಲದಾಗ ಕೂಡಿತು. ಮುಗಲಾಗ ಮೋಡ ಇಳಿದಿದ್ದುವು, ಎಲ್ಲಾರಿಗೂ ಬಿತ್ತೋ ಅವಸರ. ಅಮಾತೆಪ್ಪನ ಎರಿ ಪಟ್ಟಿ ಬಾಜೂದ ಕುಬೇರಪ್ಪನ ಹೊಲದಾಗ ಕೂಡೂದು, ಹೊಳೆವ್ವಗ ಊರ ಪಡುವಲಕ ಅಗಲವಾದ ಮಸಾರಿ ಹೊಲ ಬರೂದು ಅಂತ ಗೊತ್ತಾಗಿತ್ತು. ಮಸಾರಿ ಏನು ಕೆಟ್ಟದ್ದಲ್ಲ, ಅಗಲ ಒಂದಕ್ಕ ಎರಡು ಇತ್ತು. ತಕರಾರು ಐತೇನು ಅಂತ ಗಾಳೆಪ್ಪ ಮೂರು ಸಲ ಕೂಗಿದ. ಯಾರೂ ಬರಲಿಲ್ಲ. ಹೊಳೆವ್ವ ಎಲ್ಲಿ ಅಂತ ಕೇಳಿದ. ಅಮಾತೆಪ್ಪನ ಅಣತಮ್ಮಂದ್ರಾಗ ಒಬ್ಬ ಹೇಳಿದ, ಮೂರು ಸಂಜಿ ಸಾರ್‍ಯಾರ, ಬ್ಯಾಡ ಅನ್ನೂದಿದ್ರ ಯಾರ ಕೈಯಾಗರ ಹೇಳಿ ಕಳಸ್ತಿದ್ಲು ಅಂತ. ಕುಬೇರಪ್ಪ ಒಳ್ಳೇ ಮನಶ್ಯಾ. ದಿಬ್ಬಕ್ಕ ನಾ ಕುಂಟಿ ಹಚ್ಚಂಗಿಲ್ಲ, ಸುತ್ತಾ ಬಿಟ್ಟು ಬಿತ್ತೇನಿ ಅಂತ ತಾನ ಹೇಳಿದ. ಗಾಳೆಪ್ಪ ಕಲ್ಲು ನೆಡ್ರಿ ಅಂದ. ಇಬ್ಬರಿಲ್ಲದ ಮಾತಿಲ್ಲ ಅಂತಿದ್ದಾವ, ಅವತ್ತು ಒಬ್ಬಾಕಿ ಇಲ್ಲದ ಕಲ್ಲು ನೆಡಿಸಿದ. ಜಗಳ ಇದ್ದಲ್ಲಿ ಅಷ್ಟ ಇಬ್ಬರು ಬೇಕು, ಜಗಳನ ಇಲ್ಲದಾಗ ಯಾಕ ಅಂತ ತಿಳಕೊಂಡನೋ ಏನೋ. ಆಕಿಗೆ ಜಗಳ ಐತೋ ಇಲ್ಲೋ ಯಾರು ಹೋಗಿ ಕೇಳಿದ್ರು? ನನಗ ಇಲ್ಲಿಗೆ ಬಂದಾಗೊಮ್ಮೆ ಸಿಟ್ಟು ಬರ್ತೈತಿ ನೋಡ್ರಿ.

ಹನ್ನೊಂದು ದಿನ ಮುಗಿಸಿ ಹೊಳೆವ್ವ ಎಡಿ ತಗೊಂಡು ಹೊಲಕ್ಕ ಹೋದ್ಲು. ಬಂಡಿ ದಾರಿಗೆ ಬಂದು ನಿಂತ್ಲು. ಹೊಲ ಗುರುತ ಸಿಗಲಿಲ್ಲ. ಬದು ಒಂದೂ ಇಲ್ಲ. ತಾನು ಗಂಡಗ ಬುತ್ತಿ ಹೊತಗೊಂಡು ನಡೀತಿದ್ದ ಬದುವೂ ಇಲ್ಲ. ಒಂದ ಸವನ ಕರೇ ಹೊಲ, ಮಳಿ ಬಿದ್ದೈತಿ, ಹೆಸರುಕಾಳು ಬಿತ್ತ್ಯಾರ, ನಟ್ಟನಡುವ ಗಂಡನ ದಿಬ್ಬ ಕಾಣತೈತಿ. ಮಂದಿ ಬಿತ್ತಿದ ಹೊಲ ತುಳಿಯೂದು ಹೆಂಗ? ಅದರಾಗ ಮೊನ್ನೆ ಮೊನ್ನೆ ಗಂಡನ ಕಳಕೊಂಡಾಕಿ. ಬಿತ್ತಿಗಿ ಹೊಲದಾಗ ಇಂಥಾಕಿ ಕಾಲಿಟ್ರ ಬೆಳಿ ಬರಂಗಿಲ್ಲ ಅನ್ನೋ ಮಂದಿ ಆಗ ಇದ್ರು, ಈಗೂ ಅದಾರ, ಇಲ್ಲೂ ಕುಂತಾರ. ಹೊಳೆವ್ವ ಬಂಡಿ ದಾರ್‍ಯಾಗನ ಎಡಿ ಇಟ್ಟು, ಅಲ್ಲಿಂದನ ಕೈ ಮುಗದು ತಿರುಗಿದ್ಲು. ಎಡಿ ಕಾಗಿ ತಿಂದುವಂತ, ನಾಯಿ ತಿಂದುವಂತ. ಗಂಡಗಂತೂ ಮುಟ್ಟಲಿಲ್ಲ ಅಂತ ಆಕಿ ಅಂದ್ಲು.

ಅಲ್ಲಿಂದ ಸೀದಾ ಗಾಳೆಪ್ಪನ ಮನಿಗೆ ಬಂದ್ಲು. ಬಾಗಲದಾಗ ನಿಂತು ಹೇಳಿದ್ಲು:

“ಅಣ್ಣಾ, ಹೊಲಾ ಕೊಡ್ರಿ ಅಂತ ನಾ ಬಂದಿಲ್ಲ. ನನ್ನ ಒಂದು ಮಾತು ಕೇಳ್ರಿ ಅಂತ ಬಂದೀನಿ.”

ಡಂಗುರ ಕೇಳಲಿಲ್ಲೇನವ್ವಾ ಅಂತ ಗಾಳೆಪ್ಪ ಕೇಳಿದ. ನಮ್ಮ ಓಣ್ಯಾಗ ಹಲಿಗಿ ಬಡದಿಲ್ಲಣ್ಣಾ ಅಂದ್ಲು. ಪರಸಪ್ಪನ್ನ ಕರಸಿದ್ರು. ಅಂವ ಕೈ ಮುಗದು, ಎಪ್ಪಾ, ಸಾವಿನ ಓಣ್ಯಾಗ ಹೆಂಗ ಬಡೀಲಿ, ನಮ್ಮಪ್ಪ ಬಡದಿಲ್ಲ, ನಮ್ಮಜ್ಜ ಬಡದಿಲ್ಲ ಅಂದ. ಖರೆ ಐತಿ, ಯಾರೂ ಬಡದಿಲ್ಲ. ಆಮ್ಯಾಲ ಹೊಳೆವ್ವ ಬಾಯಿ ತಗಿಯಾಕ ಹೋದಾಗ ಗಾಳೆಪ್ಪ ಕೈ ಅಡ್ಡ ಹಿಡದ.

“ಈಗ ಹೇಳಬ್ಯಾಡ ತಂಗೀ. ಕುಬೇರಪ್ಪ ಇಲ್ಲ. ಅಂವ ಇಲ್ಲದಾಗ ನೀ ಹೇಳಿದ್ದು ನಾ ಕೇಳಿದ್ರ, ನಿನಗ ಆದ ಅನ್ಯಾಯಾನ ಅವಗೂ ಮಾಡಿದಂಗಾಗ್ತೈತಿ. ಇಬ್ಬರನ್ನೂ ಕರಸ್ತೀನಿ, ಕರದ ಮ್ಯಾಲ ಹೇಳು.”

ಹಂಗಂತ ಆಕಿ ಬಾಯಿ ಮುಚ್ಚಿಸಿದ. ನೀತಿ ಮಾತು, ಒಪ್ತೀನಿ. ಒಂದು ಕಡೆ ನಿಂತು ನೋಡಿದ್ರ ತಪ್ಪಿಲ್ಲ. ಆದ್ರ ಆಕಿಗೆ ಬೇಕಾದದ್ದು ಏನು ಅಂತ ಅವತ್ತು ಯಾರಿಗೂ ತಿಳೀಲಿಲ್ಲ. ಕಳಕೊಂಡ ಎರಿ ಹೊಲ ತಿರುಗಿ ಬೇಕಾಗೈತಿ ಅಂತ ಊರೆಲ್ಲಾ ತಿಳಕೊಂತು.

ಮರುದಿನ ಗಾಳೆಪ್ಪ ಹಿರ್ಯಾರನ್ನ ಕೂಡಿಸಿ, ನಾ ತಪ್ಪೀನಿ, ಆಕಿ ಮಾತು ತಿರುಗಿ ಕೇಳಬೇಕು ಅಂದ. ಹಿರ್ಯಾರು ಹೌಹಾರಿದ್ರು. ಒಂದು ಕಲ್ಲು ಕಿತ್ರ ಎಂಬತ್ತು ಕಲ್ಲು ಅಲುಗ್ತಾವ, ಮತ್ತ ಬಡಿಗಿ ಏಳ್ತಾವ, ಕಲ್ಲು ನೆಟ್ಟ ಮ್ಯಾಲ ಮಾತಿಲ್ಲ ಅಂದಾಂವ ನೀನ ಅಲ್ಲೇನು ಅಂದ್ರು. ಹೌದು ನಾನ ಅಂದ ಗಾಳೆಪ್ಪ. ಕುಬೇರಪ್ಪ, ಬೀಜ ನೆಲದಾಗ ಐತಿ, ಸುಗ್ಗಿ ಆಗಲಿ, ಆಮ್ಯಾಲ ನೋಡೂಣು ಅಂದ. ಅವಂದೂ ಸುಳ್ಳಲ್ಲ. ಇನ್ನೊಂದು ತೊಡಕು ಗಾಳೆಪ್ಪನ ತಂದ. ತಪ್ಪು ನಂದು, ನನ್ನ ತಪ್ಪಿನ ಮ್ಯಾಲ ನಾನ ಕುಂತು ತೀರ್ಪು ಹೇಳಾಕ ಬರಂಗಿಲ್ಲ, ಬ್ಯಾರೇ ಯಾರನ್ನರ ಹುಡಕ್ರಿ ಅಂದ. ಹೊಲ ಇಲ್ಲದಾವ, ಬೀಗತನ ಇಲ್ಲದಾವ, ಇಬ್ಬರೂ ಒಪ್ಪೂವಂಥಾವ ಎಲ್ಲಿ ಸಿಗತಾನ? ಹುಡಕೂಣಂತ ತಗೋ ಅಂದ್ರು ಹಿರ್ಯಾರು. ತಗೋ ಅಂದ್ರ ಗೊತ್ತಲ್ಲ, ಆಗಂಗಿಲ್ಲ ಅಂತ ಅರ್ಥ.

ಗಾಳೆಪ್ಪ ಬಿಡಲಿಲ್ಲಂತ. ಬಾವಿ ಕೆಲಸ ಬಿಟ್ಟು ಮನಿ ಮನಿ ತಿರಗಿದ. ಎಂಬತ್ತು ಮನಿಯವರೂ ಕೂಡಿ ಕೊಟ್ಟ ಮಾತು, ಎಂಬತ್ತು ಮನಿಯವರೂ ಕೂಡಿ ಬಿಡಬೇಕು. ಒಂದೊಂದು ಹೊಚ್ಚಲದಾಗ ನಿಂತು ಆಕಿ ಮಾತೊಂದು ಕೇಳೂಣ್ರಿ ಅಂತಿದ್ದ. ಆಕಿಗೆ ಏನ್ ಬೇಕಂತ ಅಂತ ಮಂದಿ ಕೇಳೋರು. ನನಗ ಗೊತ್ತಿಲ್ಲ, ನಾ ಕೇಳಿಲ್ಲ ಅಂತಿದ್ದ. ಏನಂತ ಗೊತ್ತಿಲ್ಲದ ಕಲ್ಲು ಕೀಳಂತೀಯಲ್ಲ, ಬಾವ್ಯಾಗ ಬಿದ್ದು ಬಿದ್ದು ತಲಿ ಕೆಟ್ಟೈತಿ ನಿಂದು ಅಂತ ನಗೋರು. ಒಂದು ವರ್ಷ ಹಿಂಗ ಹೋತು. ಇನ್ನೊಂದು ವರ್ಷಾನೂ ಹೋತು. ನಲವತ್ತು ಮನಿ ಒಪ್ಪಿದ್ರು ಅನ್ನೂದ್ರಾಗ ಮೊದಲು ಒಪ್ಪಿದಾವ್ರು ಹತ್ತು ಮಂದಿ ತಿರುಗಿ ಬೀಳೋರು.

ಹೊಳೆವ್ವ ಅಮಾಸಿಗೊಮ್ಮೆ ಎಡಿ ತಗೊಂಡು ಬರತಿದ್ಲು. ಬಂಡಿ ದಾರ್‍ಯಾಗ ಇಟ್ಟು ಹೋಗತಿದ್ಲು. ಆಕಿನ್ನ ನಿಲ್ಲಿಸಿ ಯಾರರ ಕೇಳಿದ್ರ, ಗಾಳೆಪ್ಪಣ್ಣ ಕರಸ್ತೀನಿ ಅಂದಾನ, ಅಲ್ಲೇ ಹೇಳ್ತೀನಿ ಅಂತಿದ್ಲಂತ. ಅಂವ ಹೇಳಬ್ಯಾಡ ಅಂದಿದ್ದನ್ನ ಆಕಿ ಅಷ್ಟು ಗಟ್ಟಿ ಹಿಡದಿದ್ಲು. ಹಿಂಗಾರಿ ಜ್ವಾಳ ಆಳುದ್ದ ಬೆಳದು ನಿಂತಾಗ ದಾರೀಲಿಂದ ದಿಬ್ಬಾನೂ ಕಾಣತಿರಲಿಲ್ಲ. ಅಂದಾಜಿಲೆ ಒಂದು ಕಡೆ ಮಕಾ ಮಾಡಿ ಕೈ ಮುಗೀತಿದ್ಲು.

ಎರಿ ನೆಲದ ಗುಣ ನಿಮಗ ಹೇಳಬೇಕೇನು? ಬ್ಯಾಸಗ್ಯಾಗ ಬಾಯಿ ಬಿಡತೈತಿ, ಮೊಣಕಾಲುಮಟ ಕಾಲು ಇಳಿಯೂವಂಥಾ ಬಿರುಕು. ಮ್ಯಾಲಿನ ಮಣ್ಣು ಕೆಳಗ ಬೀಳತೈತಿ, ಮಳಿ ಬಂದ್ರ ಉಬ್ಬತೈತಿ, ಕೆಳಗಿಂದು ಮ್ಯಾಲ ಬರತೈತಿ. ಎರಿ ತನ್ನ ತಾನ ಉಳಕೊಂತೈತಿ ಅಂತ ಅದಕ್ಕ ಅಂತಾರ. ಎರಡು ಬ್ಯಾಸಗ್ಯಾಗ ಅಮಾತೆಪ್ಪನ ದಿಬ್ಬ ಕುಗ್ಗಿ ಕುಗ್ಗಿ ಒಂದು ಗೇಣು ಉಳೀತು, ದಾರೀಲಿಂದ ಹೊಳೆವ್ವನ ಕಣ್ಣಿಗೆ ಕಾಣದಂಗಾತು. ಕುಬೇರಪ್ಪ ಆಡಿದ ಮಾತಿನಂಗ ಸುತ್ತಾ ಬಿಟ್ಟು ಬಿತ್ತತಿದ್ದ. ಆಮ್ಯಾಲ ಅವಗ ಮೊಣಕಾಲು ಹಿಡದುವು, ಎತ್ತಿನ ಹಿಂದ ನಡಿಯಾಕ ಆಗಲಿಲ್ಲ. ಪರೂರಿನ ಒಬ್ಬಗ ಹೊಲಾ ಪಾಲಿಗೆ ಕೊಟ್ಟ. ನಡುವ ದಿಬ್ಬ ಐತಿ ಅಂತ ಅವಗ ಊರವರು ಹೇಳ್ತಾರ ಅಂತ ಕುಬೇರಪ್ಪ ತಿಳಕೊಂಡ. ಕುಬೇರಪ್ಪ ಹೇಳಿರತಾನ ಅಂತ ಊರವರು ತಿಳಕೊಂಡ್ರು. ಪರೂರಾಂವ ಈ ಕಡೆಯಿಂದ ಆ ಕಡೆಗೆ ಸೀದಾ ಕುಂಟಿ ಹೊಡದ. ಅವನ ತಪ್ಪೇನೈತಿ, ಅವಗೂ ಯಾರೂ ಹೇಳಿದ್ದಿಲ್ಲ.

ಮೂರನೇ ವರ್ಷದ ಸುಗ್ಗಿ ಆದ ಮ್ಯಾಲ ಎಂಬತ್ತನೇ ಮನಿ ಒಪ್ಪಿತು. ಇದೊಂದ ಕಲ್ಲು, ಮತ್ತ್ಯಾವುದೂ ಅಲ್ಲ ಅನ್ನೋ ಕರಾರಿನ ಮ್ಯಾಲ. ಕೇಳಾಕ ನಾಕೂರು ಆಚಿಂದ ಒಬ್ಬ ಕಂಬಳಿ ನೇಯೋ ಮುದುಕನ್ನ ಕರಕೊಂಡು ಬಂದ್ರು. ಅವಗೂ ಹೊಲ ಇದ್ದಿಲ್ಲ. ಈ ಸಲ ಹಲಿಗಿ ಬಡೀಲಿಲ್ಲ. ಗಾಳೆಪ್ಪ ತಾನ ಹೋಗಿ ಹೊಳೆವ್ವನ ಬಾಗಲದಾಗ ನಿಂತು, ಇಂಥಾ ದಿನ, ಇಂಥಾ ಹೊತ್ತಿಗೆ, ಬರತೀಯೇನು ತಂಗೀ ಅಂತ ಕೇಳಿದ. ಬರತೀನಿ ಅಂತ ಆಕಿ ಬಾಯಿಲೆ ಅನ್ನೂತನಕ ಅಲ್ಲೇ ನಿಂತಿದ್ದ. ಅಲ್ಲಿಂದ ಕುಬೇರಪ್ಪನ ಮನಿಗೂ ಹೋಗಿ ಹಂಗ ಕೇಳಿದ.

ಹೊಲದಾಗ ಊರು ಕೂಡಿತು. ಜ್ವಾಳದ ಕೂಳಿ ನಿಂತಿದ್ದುವು, ನೆಲ ಬಾಯಿ ಬಿಟ್ಟಿತ್ತು. ಈ ಕಡೆ ಹೊಳೆವ್ವ, ಆ ಕಡೆ ಬಡಿಗಿ ಊರಿಕೊಂಡು ಕುಬೇರಪ್ಪ. ಗಾಳೆಪ್ಪ ಮಂದ್ಯಾಗ ಹಿಂದ ನಿಂತಿದ್ದ. ಗುಂಡಿ ತೋಡಾಕ ಇಬ್ಬರಿಗೂ ಗುದ್ದಲಿ ತಂದು ಇಟ್ಟಿದ್ರು. ಕಂಬಳಿ ಮುದುಕ ಮೊದಲು ಹೊಳೆವ್ವನ ಕಡೆ ತಿರುಗಿ ಕೇಳಿದ.

“ಏನ್ ಬೇಕವ್ವಾ ನಿನಗ? ಯಾರ ಹೆದರಿಕಿನೂ ಇಟ್ಕೋಬ್ಯಾಡ, ಪೂರಾ ಹೇಳು.”

“ಒಂದು ಕಾಲಗಲ ಬದು ಬೇಕ್ರಿ ಯಪ್ಪಾ. ಬಂಡಿ ದಾರೀಲಿಂದ ನಮ್ಮವರ ದಿಬ್ಬದ ಮಟ. ಅಮಾಸಿಗೆ ಎಡಿ ಇಟ್ಟು ಬರಾಕ. ಹೊಲ ಕುಬೇರಪ್ಪಣ್ಣಂದ ಇರಲಿ, ಚೊಲೋ ಮಾಡ್ಯಾನ.”

ಇಷ್ಟ. ಗುದ್ದಲಿ ಮುಟ್ಟಲಿಲ್ಲ, ಗುಂಡಿ ತೋಡಲಿಲ್ಲ. ಕುಬೇರಪ್ಪ ಅತ್ತನಂತ. ಇಷ್ಟಕ್ಕ ಏನು ತಂಗೀ, ಅವತ್ತ ಅಂದಿದ್ರ ನಾನ ನನ್ನ ಕೈಲೆ ಹಾಕಿ ಕೊಡತಿದ್ದೆ, ನನಗ ಯಾಕ ಹೇಳಲಿಲ್ಲ ಅಂದ. ಹೊಳೆವ್ವ ಯಾರನ್ನೂ ನೋಡಲಿಲ್ಲ. ಕರದ ಮ್ಯಾಲ ಹೇಳು ಅಂದಿದ್ರು, ಇವತ್ತು ಕರದ್ರಿ ಅಂದ್ಲು.

ಬದು ಹಾಕ್ರಿ ಅಂತ ಕಂಬಳಿ ಮುದುಕ ತೀರ್ಪು ಹೇಳಿದ. ಕುಬೇರಪ್ಪ ಒಪ್ಪಿದ. ಬಂಡಿ ದಾರ್‍ಯಾಗ ಒಂದು ಗೂಟ ಬಡದು ಹಗ್ಗ ಕಟ್ಟಿದ್ರು. ಹಗ್ಗದ ಇನ್ನೊಂದು ತುದಿ ಹಿಡಕೊಂಡಾವ ನಾಕು ಹೆಜ್ಜಿ ನಡದು ನಿಂತ. ಎಲ್ಲಿಗೆ ಒಯ್ಲಿ ಅಂತ ಕೇಳಿದ.

ಆವಾಗ ಊರು ಹೊಲದ ಕಡೆ ನೋಡಿತು. ದಿಬ್ಬ ಇರಲಿಲ್ಲ. ಕುಣಿ ತಗದಿದ್ದ ನಾಕು ಮಂದಿ ಅಲ್ಲೇ ಇದ್ರು. ಒಬ್ಬ ಇಲ್ಲಿ ಅಂದ, ಒಬ್ಬ ಅಲ್ಲಿ ಅಂದ, ಒಬ್ಬ ಬದುವಿನ ಮಗ್ಗಲಕ ಇತ್ತು ಅಂದ. ಬದು ಎಲ್ಲೈತಿ? ಪಾಲಿನಾಂವ ತಲಿ ಮ್ಯಾಲ ಕೈ ಹೊತಗೊಂಡು ಕುಂತ. ಮಂದಿ ಎಲ್ಲಾ ಗಾಳೆಪ್ಪನ ಕಡೆ ತಿರುಗಿದ್ರು. ತೋಡಿದ ಮಣ್ಣು ಗುರುತಿಸಾಂವ ಅಂವ ಒಬ್ಬನ ಅಲ್ಲೇನು.

ಗಾಳೆಪ್ಪ ಹಾರಿ ತಗೊಂಡ. ಒಂದೊಂದು ಹೆಜ್ಜಿಗೆ ಹಾರಿ ಇಳಿಸಿದ, ಕೈಯಾಗ ಹಿಡದು ನೋಡಿದ, ತಗದ. ಮತ್ತ ಇಳಿಸಿದ. ಎಲ್ಲಾ ಕಡೆ ಒಂದ ಸವನ ಇಳೀತಿತ್ತು. ಎರಿ ತನ್ನ ತಾನ ಉಳಕೊಂಡಿತ್ತಲ್ಲ, ಎಲ್ಲಾ ಮಣ್ಣೂ ತೋಡಿದ ಮಣ್ಣಿನಂಗನ ಇತ್ತು. ಬಿಸಲು ನೆತ್ತಿಗೆ ಬಂತು, ಇಳೀತು. ಅಂಗೈ ಒಡದು ಹಾರಿ ಕೆಂಪಾಗಿತ್ತಂತ. ಯಾರೂ ಮನಿಗೆ ಹೋಗಲಿಲ್ಲ. ಹೊಲದ ಅರ್ಧಕ್ಕ ಬಂದಾಗ ಹೊಳೆವ್ವ ಹೋಗಿ ಅವನ ಕೈ ಹಿಡದ್ಲು.

“ಸಾಕು ಬಿಡಣ್ಣಾ. ಗೊತ್ತಿದ್ದಷ್ಟು ಹಾಕ್ರಿ.”

ಗೊತ್ತಿದ್ದಷ್ಟು ಹಾಕಿದ್ರು. ಬಂಡಿ ದಾರೀಲಿಂದ ಹೊಲದ ನಡುಮಟ ಒಂದು ಕಾಲಗಲದ ಬದು ಕಟ್ಟಿ, ಅಲ್ಲಿಗೆ ನಿಲ್ಲಿಸಿದ್ರು. ಆ ಕಡೆ ಒಯ್ಯಾಕ ದಿಕ್ಕು ಗೊತ್ತಿರಲಿಲ್ಲ. ಹೊಳೆವ್ವ ಬದುಕಿರೂತನಕ ಅಮಾಸಿಗೆ ಆ ಬದುವಿನ ತುದಿಗೆ ಹೋಗಿ ಎಡಿ ಇಟ್ಟು, ನಾಕೂ ದಿಕ್ಕಿಗೆ ಕೈ ಮುಗದು ಬರತಿದ್ಲಂತ. ಇದನ್ನ ಹೇಳಿ ನಮ್ಮಾಯಿ ಎದ್ದು ನೀರು ಕುಡದು ಬರತಿದ್ಲು. ನಾನೂ ಕುಡೀತೀನಿ, ತಡೀರಿ.

ಗಾಳೆಪ್ಪ ಆಮ್ಯಾಲ ಯಾವ ತಕರಾರಿಗೂ ಕೂಡಲಿಲ್ಲ. ಬಾವೀನೂ ತೋಡಲಿಲ್ಲಂತ. ಬ್ಯಾಸಗಿ ಬಂತಂದ್ರ ಹಾರಿ ಹೊತಗೊಂಡು ಆ ಹೊಲಕ್ಕ ಬರಾಂವ. ಕುಬೇರಪ್ಪನ ಮಕ್ಕಳು ಬ್ಯಾಡ ಅನ್ನಲಿಲ್ಲ. ಅಂವ ಹೆಂಗ ಸತ್ತ ಅನ್ನೂದಕ್ಕ ಒಬ್ಬೊಬ್ಬರು ಒಂದೊಂದು ಹೇಳ್ತಾರ. ಹಾರಿ ಹಿಡಕೊಂಡು ಕುಂತಲ್ಲೇ ಹ್ವಾದ ಅಂತಾರ. ನೆಲ ಬಾಯಿ ಬಿಟ್ಟು ನುಂಗಿತು ಅಂತಾರ. ಕಡೀಗೆ ಒಂದು ದಿನ ಆ ಜಾಗಾ ಸಿಕ್ಕಿತ್ತು, ಹಾರಿ ತನ್ನ ತಾನ ಇಳೀತು, ಆದ್ರ ಹೊಳೆವ್ವ ತೀರಿಕೊಂಡಿದ್ಲು, ಅದಕ್ಕ ಯಾರಿಗೂ ಹೇಳಲಾರದ ಮಣ್ಣು ಮುಚ್ಚಿದ ಅಂತನೂ ಅಂತಾರ. ನಾ ನಂಬಂಗಿಲ್ಲ. ಸಿಕ್ಕಿದ್ರ ಅಂವ ಊರು ಕೂಡಿಸಿ ಹೇಳತಿದ್ದ. ಮುಚ್ಚಿಟ್ಟುಕೊಳ್ಳಾಂವ ಅಲ್ಲ. ಸಿಗಲಿಲ್ಲ, ಅಷ್ಟ.

ಆ ಕಡೆ ಈಗೂ ಅಣತಮ್ಮಂದ್ರು ಹೊಲಾ ಹಂಚಕೊಂಡ್ರ, ಮಾರಿದ್ರ, ಅಳತಿ ಮಾಡಿಸಿದ್ರ, ಹಲಿಗಿ ಬಡಿಯಂಗಿಲ್ಲ. ಆ ಕಡೆಯವನೊಬ್ಬ, ಈ ಕಡೆಯವನೊಬ್ಬ, ಇಬ್ಬರೂ ಕೂಡಿ ಮನಿ ಮನಿ ಬಾಗಲಕ ಹೋಗತಾರ. ಸಾವಾದ ಮನಿ ಇದ್ರ ಅಲ್ಲಿಗೆ ಮೊದಲು. ಬಾಣಂತಿ ಇದ್ರ, ಹಾಸಿಗಿ ಹಿಡದಾವ್ರು ಇದ್ರ, ಅಲ್ಲಿಗೂ. ನಿನ್ನ ಮಾತೇನು ಅಂತ ಕೇಳಿ, ಅವರು ಬಾಯಿ ಬಿಟ್ಟು ಏನರ ಅನ್ನೂತನಕ ನಿಂದ್ರತಾರ. ಏನೂ ಇಲ್ಲ ಅಂದ್ರ ಏನೂ ಇಲ್ಲ ಅನ್ನೂದನ್ನೂ ಇಬ್ಬರೂ ಕೇಳಿಸಿಕೊಳ್ಳಬೇಕು. ಒಂದು ಬಾಗಲಾ ಬಿಟ್ಟಿದ್ರೂ ಹಗ್ಗ ಹಿಡಿಯಂಗಿಲ್ಲ. ಇದಕ್ಕ ಗಾಳೆಪ್ಪನ ಕೇಳಿಕಿ ಅಂತಾರ.

ಆ ಬದು ಇನ್ನೂ ಐತಂತ. ಹೊಲ ಎಷ್ಟು ಕೈ ದಾಟೈತೋ, ಕೊಂಡಾವ್ರು ಯಾರೂ ಅದನ್ನ ಒಡದಿಲ್ಲ. ಕುಂಟಿ ಹೊಡಿಯಾವ್ರು ಅಲ್ಲಿಗೆ ಬಂದ ಕೂಡ್ಲೆ ಕುಂಟಿ ಎತ್ತಿ ದಾಟಸ್ತಾರ. ಹೊಸಬರು ಯಾರರ ದಾರ್‍ಯಾಗ ನಿಂತು, ಇದೇನಪಾ, ಈ ಬದು ಎಲ್ಲಿಗೆ ಹೋಗತೈತಿ ಅಂತ ಕೇಳಿದ್ರ, ಎತ್ತು ಹೊಡಿಯಾಂವ ಎತ್ತು ನಿಲ್ಲಿಸಿ, ಗೊತ್ತಿದ್ದಷ್ಟು ದೂರ ಹೋಗತೈತ್ರಿ ಅಂತಾನ. ಅಂದು, ಕಾಲಾಗಿನ ಕೆರವು ಕಳದು, ಕುಂಟಿ ಎತ್ತಿ ಆ ಕಡೆ ಇಡತಾನ.